ಪದಚರ್ಚೆ: ವಿಆರ್ ಹೆಡ್‌ಸೆಟ್ಟಿನ 'ರೀಸೆಂಟರ್', 'ಅಲೈನ್‌ಮೆಂಟ್'ಗೆ ಕನ್ನಡ? (ನಾಳೆ ಬೆಳಗ್ಗೆ ಅಚ್ಚಿಗೆ)

ಫಲಕದವಳು:
ಎಲ್ಲರಿಗೂ ನಮಸ್ಕಾರ. ತುರ್ತು. ಶಾಲಾ ಮಕ್ಕಳು ಬಳಸುವ ವಿಆರ್ (ಹೆಡ್‌ಸೆಟ್ ಕಟ್ಟಿಕೊಂಡು ಕೃತಕ ಲೋಕ ನೋಡುವ) ಕೋಣೆಯ ಗೋಡೆಗೆ ಸೂಚನಾ ಫಲಕ ಬರೆದುಕೊಡಬೇಕು. ಹೆಡ್‌ಸೆಟ್ ಕ್ವೆಸ್ಟ್ 2. ನನಗೆ ಕೊಟ್ಟಿರುವ ಇಂಗ್ಲಿಷ್ ಸಾಲಿನ ತಾತ್ಪರ್ಯ ಇಷ್ಟೇ: ವ್ಯೂ ಅಲೈನ್‌ಮೆಂಟ್ ಸರಿಯಿಲ್ಲದಿದ್ದರೆ ರೀಸೆಂಟರ್ ಮಾಡಿ. ನಾನು ಬರೆದದ್ದು: 'ದೃಷ್ಟಿ ಹೊಂದಾಣಿಕೆ ತಪ್ಪಿದಲ್ಲಿ ಮರುಕೇಂದ್ರೀಕರಿಸಿ.' ಓದಿದ ಏಳನೇ ತರಗತಿಯ ಹುಡುಗ 'ಇದು ಕಣ್ಣಾಸ್ಪತ್ರೆ ಬೋರ್ಡಾ ಮಿಸ್?' ಅಂದ. ಹೊಂದಾಣಿಕೆ ಅಂದರೆ ಚುನಾವಣೆ ನೆನಪಾಗುತ್ತದೆ. ಮರುಕೇಂದ್ರೀಕರಿಸಿ ಅಂದರೆ ಯಾರಿಗೂ ಏನೂ ನೆನಪಾಗುವುದಿಲ್ಲ. ಎರಡಕ್ಕೂ ಪದ ಕೊಡಿ. ಚಿಕ್ಕದಿರಲಿ.

ವ್ಯಾಕರಣದ ಮೇಷ್ಟ್ರು:
'ಮರುಕೇಂದ್ರ' ಅರಿಸಮಾಸ. ಕನ್ನಡ ಪದಕ್ಕೆ ಸಂಸ್ಕೃತ ಪದ ಬೆಸೆದದ್ದು; 13ನೆಯ ಶತಮಾನದಲ್ಲೇ ವ್ಯಾಕರಣಕಾರ ಕೇಶಿರಾಜ ಬೇಡವೆಂದದ್ದು. 'ಪುನಃಕೇಂದ್ರೀಕರಿಸಿ' ಎಂದಾಗಬೇಕು. ಇದರಲ್ಲಿ ಚರ್ಚಿಸುವುದೇನಿದೆ?

ಗಡಿನಾಡಿಗ:
> 'ಮರುಕೇಂದ್ರ' ಅರಿಸಮಾಸ.
ಮರುಮುದ್ರಣ, ಮರುಪರೀಕ್ಷೆ, ಮರುಜನ್ಮ? ಇವನ್ನೆಲ್ಲ ಕೇಶಿರಾಜನ ವಿಳಾಸಕ್ಕೆ ವಾಪಸ್ ಕಳಿಸೋಣವೇ?

ಅಚ್ಚಗನ್ನಡ:
ಇಬ್ಬರದೂ ತಪ್ಪು. ಕೇಂದ್ರ ಕನ್ನಡವೇ ಅಲ್ಲ, ಸಂಸ್ಕೃತ. 'ನಡು' ಇರುವಾಗ ಎರವಲೇಕೆ? ರೀಸೆಂಟರ್ = ಮರುನಡುಗೊಳಿಸು. ಅಲೈನ್‌ಮೆಂಟ್ = ಸಾಲ್ಗೂಡಿಕೆ. ಮೊದಮೊದಲು ಕಿವಿಗೆ ಒರಟು ಎನಿಸಬಹುದು, ಬಳಸಿದರೆ ಪಳಗುತ್ತದೆ.

ಗಡಿನಾಡಿಗ:
ಕೇಂದ್ರ ಸಂಸ್ಕೃತದ ಸ್ವಂತದ್ದು ಎಂದವರಾರು? ಗ್ರೀಕಿನ 'ಕೆಂಟ್ರಾನ್'. ಜ್ಯೋತಿಷದ ಜೊತೆ ಬಂದದ್ದು, ಹೋರಾ, ಜಾಮಿತ್ರಗಳ ಹಾಗೆ. ಮೂಲದಲ್ಲಿ ಮೊನೆ, ದನ ತಿವಿಯುವ ಮುಳ್ಳುಗೋಲು ಎಂಬ ಅರ್ಥ. ವೃತ್ತ ಎಳೆಯುವಾಗ ಊರುವ ಮೊನೆ ಎಂದಾಗಿ ನಡುಬಿಂದುವಿಗೆ ನಿಂತಿತು. ಇಂಗ್ಲಿಷಿನ ಸೆಂಟರ್ ಲ್ಯಾಟಿನ್ ದಾರಿ ಹಿಡಿದು ಬಂದ ಅದೇ ಪದ. ಹಾಗಾಗಿ 'ಸೆಂಟರ್' ಬಿಟ್ಟು 'ಕೇಂದ್ರ' ಬರೆದರೆ ಭಾಷೆ ಉಳಿಯಿತು ಅನ್ನುವವರೂ, ಕೇಂದ್ರವನ್ನು ಸಂಸ್ಕೃತವೆಂದು ಓಡಿಸುವವರೂ ದಾಯಾದಿಗಳ ಜಗಳದಲ್ಲಿ ಸಿಕ್ಕಿಕೊಂಡಿದ್ದಾರೆ.

ವ್ಯಾಕರಣದ ಮೇಷ್ಟ್ರು:
ವರಾಹಮಿಹಿರನ ಕಾಲಕ್ಕೇ ಪಳಗಿದ ಪದವನ್ನು ಇಂದು ಗ್ರೀಕರಿಗೆ ಒಪ್ಪಿಸುವ ಅಗತ್ಯವಿಲ್ಲ. ವಿಷಯಾಂತರ.

ತಂತಿಕೆಲಸ:
ಪದ ಆಮೇಲೆ. ತೊಂದರೆ ಯಾವುದು ಅಂತ ಮೊದಲು ಹೇಳಿ. ಅಲೈನ್‌ಮೆಂಟ್ ಅನ್ನುವ ಒಂದು ಮಾತಿನಡಿ ಒಂದಕ್ಕೊಂದು ಸಂಬಂಧವಿಲ್ಲದ ಕಾಯಿಲೆಗಳನ್ನು ತುಂಬಿದ್ದಾರೆ.

ಎದುರಿಗಿರಬೇಕಾದ ಮೆನು ಎಡಭುಜದ ಹಿಂದೆ ಹೋಗಿ ಕೂತಿದೆ ಅನ್ನಿ. ರೀಸೆಂಟರ್ ಇರುವುದು ಇದಕ್ಕೆ. ಬಲಗೈ ಕಂಟ್ರೋಲರ್‌ನಲ್ಲಿ ಕಂಪನಿಯ ಗುರುತಿರುವ ಗುಂಡಿ ಒತ್ತಿ ಹಿಡಿದರೆ, ಆ ಗಳಿಗೆಯಲ್ಲಿ ಯಾವ ಕಡೆ ಮುಖ ಮಾಡಿದ್ದೀರೋ ಅದೇ 'ಮುಂದೆ' ಆಗುತ್ತದೆ. ಅಕ್ಷರ ಮಂಜಾಗಿ, ಎರಡೆರಡಾಗಿ ಕಂಡರೆ ಆ ಗುಂಡಿಯನ್ನು ಸಂಜೆತನಕ ಒತ್ತಿದರೂ ಏನೂ ಆಗದು. ಅದು ಎರಡು ಪಾಪೆಗಳ ನಡುವಿನ ಅಂತರದ ಪ್ರಶ್ನೆ. ಕ್ವೆಸ್ಟ್ 2ರಲ್ಲಿ ಮಸೂರಗಳನ್ನು ಕೈಯಲ್ಲೇ ಹಿಡಿದು ಸರಿಸಬೇಕು. ಇರುವುದು ಮೂರೇ ನೆಲೆ: 58, 63, 68 ಮಿಲಿಮೀಟರ್. ದೊಡ್ಡವರ ಸರಾಸರಿ 63ರ ಆಸುಪಾಸು, ಮಕ್ಕಳದ್ದು ಅದಕ್ಕಿಂತ ಕಡಿಮೆ. ಏಳನೇ ತರಗತಿಯವರಿಗೆ ಮೊದಲ ನೆಲೆಯಿಂದಲೇ ಶುರು ಮಾಡಿಸಿ. ಇನ್ನು ನೆಲ ಮೊಣಕಾಲಿಗೆ ಬಂದಂತೆ ಕಂಡರೆ ನೆಲದ ಮಟ್ಟ ತಪ್ಪಿದೆ; ಆಡುವ ಜಾಗದ ಗಡಿಗೆರೆ ಹೊಸದಾಗಿ ಎಳೆಯುವಾಗ ಕಂಟ್ರೋಲರನ್ನು ನೆಲಕ್ಕೆ ಮುಟ್ಟಿಸಿ ಸರಿಮಾಡಬೇಕು.

ನಿಮ್ಮ ಇಂಗ್ಲಿಷ್ ಸಾಲು ಬರೆದವರಿಗೇ ಇದು ಗೊತ್ತಿರಲಿಲ್ಲ ಅಂತ ಕಾಣುತ್ತದೆ. ಅದನ್ನು ಎಷ್ಟು ಶುದ್ಧ ಕನ್ನಡದಲ್ಲಿ ಬರೆದರೂ ತಪ್ಪು ತಪ್ಪೇ.

ಫಲಕದವಳು:
ಇದು ಬಹಳ ಉಪಕಾರ. ನಮ್ಮಲ್ಲಿ ಹೆಚ್ಚಾಗಿ ಆಗುವುದು ಮೊದಲನೆಯದು. ಮಂಜು ಕಾಣುತ್ತದೆ ಅನ್ನುವವರೂ ಇದ್ದಾರೆ. ಮೊದಲನೆಯದಕ್ಕೆ 'ನೋಟ ವಾಲಿದರೆ' ಅನ್ನಬಹುದೇ?

ತಂತಿಕೆಲಸ:
'ವಾಲು' ಬೇಡವೇ ಬೇಡ. ಚಿತ್ರ ಯಾವತ್ತೂ ವಾಲುವುದಿಲ್ಲ. ಒಳಗಿರುವ ಆಕ್ಸೆಲೆರೋಮೀಟರ್‌ಗೆ ಗುರುತ್ವದಿಂದ ಕೆಳಗೆ ಯಾವುದೆಂದು ಸದಾ ಗೊತ್ತಾಗುತ್ತಿರುತ್ತದೆ. ಹೆಡ್‌ಸೆಟ್ಟನ್ನು ಮೂತಿಯ ಮೇಲೆ ಸೊಟ್ಟಗೆ ಕಟ್ಟಿಕೊಂಡರೂ ಒಳಗಿನ ಲೋಕ ಮಟ್ಟಸವಾಗಿಯೇ ಇರುತ್ತದೆ, ಮಸೂರ ಕಣ್ಣಿಗೆ ನೇರವಿಲ್ಲದೆ ಮಂಜಾಗುತ್ತದೆ ಅಷ್ಟೆ. ಎಡಬಲಕ್ಕೆ ಹಾಗೆ ಆನಿಕೊಳ್ಳಲು ಏನೂ ಇಲ್ಲ. ತಲೆ ತಿರುಗಿದ್ದನ್ನು ಅಳೆಯುವ ಗೈರೋಸ್ಕೋಪಿನ ಸಣ್ಣಸಣ್ಣ ತಪ್ಪುಗಳು ಕೂಡುತ್ತಾ ಹೋಗಿ 'ಮುಂದೆ' ಎನ್ನುವುದು ಮೆಲ್ಲಗೆ ಪಕ್ಕಕ್ಕೆ ಸರಿಯುತ್ತದೆ. 2014ರಲ್ಲಿ ಕಾರ್ಡ್‌ಬೋರ್ಡ್ ಡಬ್ಬಿಗೆ ಫೋನ್ ಸಿಕ್ಕಿಸಿ ನೋಡುತ್ತಿದ್ದೆವಲ್ಲ, ಆಗ ಇದು ದಿನದ ಗೋಳು. ಫೋನಿನ ದಿಕ್ಸೂಚಿ ತಿದ್ದಲು ನೋಡುತ್ತಿತ್ತು, ಹತ್ತಿರ ಕಬ್ಬಿಣದ ಮೇಜಿದ್ದರೆ ಅದೂ ದಾರಿ ತಪ್ಪುತ್ತಿತ್ತು. ಕ್ವೆಸ್ಟ್ ಕ್ಯಾಮೆರಾಗಳಿಂದ ಕೋಣೆಯನ್ನೇ ನೋಡಿ ತಿದ್ದಿಕೊಳ್ಳುತ್ತದೆ. ಹಾಗಾಗಿ ಕತ್ತಲೆ, ದೊಡ್ಡ ಕನ್ನಡಿ, ಏನೂ ಇಲ್ಲದ ಬೋಳುಗೋಡೆ ಆಗದು. ಟ್ಯೂಬ್‌ಲೈಟ್ ಕೋಣೆಯಾದರೆ ಸೆಟ್ಟಿಂಗ್‌ನಲ್ಲಿ ಟ್ರ್ಯಾಕಿಂಗ್ ಫ್ರೀಕ್ವೆನ್ಸಿ 50 ಹರ್ಟ್ಸ್ ಇದೆಯೇ ನೋಡಿ, ನಮ್ಮ ಕರೆಂಟ್ 50ರದ್ದು.

ಆದ್ದರಿಂದ 'ಸರಿ'. ಸರಿದಿದೆ. ವಾಲಿಲ್ಲ.

ಅಚ್ಚಗನ್ನಡ:
'ಸರಿ' ಎಂದರೆ ಸರಿಯಾದದ್ದು ಎಂತಲೂ ಆಗುತ್ತದೆ. 'ನೋಟ ಸರಿದರೆ ಸರಿಮಾಡಿ' ಅಂತ ಬರೆಯುತ್ತೀರಾ?

ತಂತಿಕೆಲಸ:
ಬರೆಯುತ್ತೇನೆ. ಮಕ್ಕಳಿಗೆ ಬಾಯಿಪಾಠವಾಗುತ್ತದೆ.

ಧಾರವಾಡದಾಂವ:
ಇಷ್ಟೆಲ್ಲಾ ಯಾಕ್ರೀ. 'ನೆಟ್ಟಗ ಮಾಡ್ರಿ' ಅನ್ರಿ. ಗೌಂಡಿ, ಬಡಗಿ ಎಲ್ಲಾರೂ ಅನ್ನೂದು ಅದನ್ನ. ಅಲೈನ್‌ಮೆಂಟ್ ಔಟ್ ಆಗೇತಿ ಅಂದ್ರ ನೆಟ್ಟಗಿಲ್ಲ ಅಂತನ ಅರ್ಥ.

ಕರಾವಳಿಯಿಂದ:
ನಮ್ಮಲ್ಲಿ 'ಸರ್ತ' ಮಾಡುವುದು. ಫಲಕಕ್ಕೆ ಹಾಕಿ ಎಂದು ಹೇಳುತ್ತಿಲ್ಲ, ದಾಖಲೆಗಿರಲಿ.

ಗಡಿನಾಡಿಗ:
ನೆಟ್ಟಗೆ ಚೆನ್ನಾಗಿದೆ. 'ನೆಡು' ಧಾತು, ನೆಟ್ಟ ಕಂಬದಂತೆ ನಿಂತದ್ದು ನೆಟ್ಟಗೆ. 'ದೃಷ್ಟಿ ನೆಟ್ಟ' ಎಂಬಲ್ಲೂ ಅದೇ. ನೋಟಕ್ಕೂ ನೆಡುವುದಕ್ಕೂ ಹಳೆಯ ನಂಟಿರುವಾಗ ಇದಕ್ಕಿಂತ ತಕ್ಕ ಪದ ಬೇಕೇ?

ವ್ಯಾಕರಣದ ಮೇಷ್ಟ್ರು:
ಅಲ್ಲ. ನೆಟ್ಟಗೆ, ನೆಟ್ಟನೆ ಎರಡೂ 'ನಿಡು/ನೆಡು', ಉದ್ದ ಎಂಬರ್ಥದ ಗುಣವಾಚಕಕ್ಕೆ ಸೇರಬೇಕಾದವು. ನಿಡುಸುಯ್ಲು, ನಿಡಿದು ನೋಡಿ. ಗಿಡ ನೆಡುವುದಕ್ಕೂ ಇದಕ್ಕೂ ಸಂಬಂಧವಿಲ್ಲ.

ಗಡಿನಾಡಿಗ:
'ನೆಟ್ಟನೋಟ'ದಲ್ಲಿರುವುದು ಉದ್ದವೋ? ಆಧಾರ ಕೊಡಿ.

ವ್ಯಾಕರಣದ ಮೇಷ್ಟ್ರು:
ನೀವು ಕೊಟ್ಟಿರಾ? ಪ್ರಾಸ ಕೂಡಿದ ಮಾತ್ರಕ್ಕೆ ವ್ಯುತ್ಪತ್ತಿಯಾಗುವುದಿಲ್ಲ.

ಫಲಕದವಳು:
ದಯವಿಟ್ಟು. ಗುಂಡಿ ಒತ್ತಿದಾಗ ಪರದೆ ನೆಟ್ಟಗಾಗುವುದಿಲ್ಲ, ಅದು ಮೊದಲೇ ನೆಟ್ಟಗಿದೆ, ಪಕ್ಕದಲ್ಲಿದೆ ಅಷ್ಟೆ. ತಂತಿಕೆಲಸದವರ ವಿವರಣೆ ಓದಿದ ಮೇಲೆ ನನಗೆ ಕೇಂದ್ರವೂ ಬೇಡ ನಡುವೂ ಬೇಡ ಅನ್ನಿಸಿದೆ. ಅಚ್ಚಿಗೆ ಇದನ್ನು ಕಳಿಸುತ್ತಿದ್ದೇನೆ:

'ಪರದೆ ಪಕ್ಕಕ್ಕೆ ಸರಿದಿದೆಯೇ? ನೇರ ನೋಡುತ್ತಾ ಬಲಗೈ ಗುಂಡಿ ಒತ್ತಿ ಹಿಡಿಯಿರಿ. ಎದುರಿಗೆ ಬರುತ್ತದೆ.
ಅಕ್ಷರ ಮಂಜಾಗಿದೆಯೇ? ತಲೆಯ ಪಟ್ಟಿ ಸರಿಮಾಡಿ. ಆಮೇಲೂ ಮಂಜಾದರೆ ಮಿಸ್‌ಗೆ ಹೇಳಿ, ಮಸೂರ ಸರಿಸಿಕೊಡುತ್ತಾರೆ.
ಹೆಡ್‌ಸೆಟ್ಟನ್ನು ಬಿಸಿಲಿನಲ್ಲಿ ಇಡಬೇಡಿ.'

ಅಚ್ಚಗನ್ನಡ:
ಇದರಲ್ಲಿ ಪದವೆಲ್ಲಿದೆ? ಕೇಳಿದ್ದು ಪದ, ಬರೆದದ್ದು ವಾಕ್ಯ. ನಾಳೆ ಆಪ್‌ನ ಗುಂಡಿಯ ಮೇಲೆ ಬರೆಯಬೇಕಾದಾಗ ಏನು ಮಾಡುತ್ತೀರಿ? ಹೀಗೆ ಪ್ರತಿ ಸಲ ಸುತ್ತಿಬಳಸಿ ತಪ್ಪಿಸಿಕೊಂಡರೆ ಕನ್ನಡದಲ್ಲಿ ಅರಿಮೆಯ (ವಿಜ್ಞಾನದ) ಪದಗಳು ಹುಟ್ಟುವುದೇ ಇಲ್ಲ.

ಧಾರವಾಡದಾಂವ:
'ಎದುರಿಗೆ ತಾ' ಅಂತ ಬರೀರಿ. ಗುಂಡಿ ಮ್ಯಾಲೆ ಹಿಡಸ್ತದ.

ವ್ಯಾಕರಣದ ಮೇಷ್ಟ್ರು:
ಗುಂಡಿಯ ಮೇಲೆ ಏಕವಚನದ ಆಜ್ಞೆ ಸಭ್ಯವಲ್ಲ.

ಧಾರವಾಡದಾಂವ:
ಗುಂಡಿ ನಮಗ ಹೇಳೂದಿಲ್ರಿ. ನಾವು ಗುಂಡೀಗೆ ಹೇಳೂದು.

ತಂತಿಕೆಲಸ:
ಇದನ್ನು ಒಪ್ಪಬೇಕು. ಮೆನುವಿನ ಕನ್ನಡ ಮಾಡುವವರೆಲ್ಲ ಎಡವುವುದು ಇಲ್ಲೇ: 'ಉಳಿಸು'ವೋ 'ಉಳಿಸಿ'ಯೋ, ಯಾರು ಯಾರಿಗೆ ಹೇಳುತ್ತಿದ್ದಾರೆ ಅಂತ ನಿರ್ಧರಿಸಿರುವುದಿಲ್ಲ. ಒಂದೇ ಪರದೆಯಲ್ಲಿ ಎರಡೂ ಇರುತ್ತವೆ. ಬಿಸಿಲಿನ ಸಾಲು ಮಾತ್ರ ಇನ್ನೂ ದಪ್ಪ ಅಕ್ಷರದಲ್ಲಿರಲಿ. ಮಸೂರದ ಮೂಲಕ ಬಿಸಿಲು ಒಳಗಿನ ಪರದೆಯ ಮೇಲೆ ಮೊನೆಗೂಡಿದರೆ ಸುಟ್ಟ ಕಲೆ ಉಳಿಯುತ್ತದೆ, ರಿಪೇರಿಯಿಲ್ಲ.

ಅಚ್ಚಗನ್ನಡ:
ಅದಿರಲಿ, ಫಲಕದಲ್ಲಿ 'ಮಸೂರ' ಹಾಗೇ ಉಳಿದಿದೆಯಲ್ಲ. ಅದೂ ಸಂಸ್ಕೃತ. ಮಕ್ಕಳು ಲೆನ್ಸ್ ಅನ್ನುತ್ತಾರೆ, ಪಠ್ಯಪುಸ್ತಕ ಮಸೂರ ಅನ್ನುತ್ತದೆ, ಕನ್ನಡ ಎಲ್ಲೂ ಇಲ್ಲ.

ಗಡಿನಾಡಿಗ:
ಲ್ಯಾಟಿನ್‌ನಲ್ಲಿ ಲೆನ್ಸ್ ಅಂದರೆ ಒಂದು ಬೇಳೆಕಾಳು, ಗಾಜಿನ ಆಕಾರ ಅದರಂತಿದೆ ಎಂದು ಇಟ್ಟ ಹೆಸರು. ಅದೇ ಕಾಳಿನ ಸಂಸ್ಕೃತದ ಹೆಸರು ಮಸೂರ. ಅಚ್ಚಗನ್ನಡದಲ್ಲಿ ಆ ಕಾಳಿಗೆ ಚನ್ನಂಗಿ. ಹಾಗಾದರೆ ಫಲಕದಲ್ಲಿ 'ಮಿಸ್ ಚನ್ನಂಗಿ ಸರಿಸಿಕೊಡುತ್ತಾರೆ' ಎಂದು ತಿದ್ದಿಸೋಣವೇ?

ಅಚ್ಚಗನ್ನಡ:
ಗೇಲಿ ಮಾಡುವುದು ಸುಲಭ. 'ಗಾಜುಕಣ್ಣು' ಎನ್ನಬಹುದಿತ್ತು.

ವ್ಯಾಕರಣದ ಮೇಷ್ಟ್ರು:
ಗಾಜು ಸಂಸ್ಕೃತದ 'ಕಾಚ'ದ ತದ್ಭವ.