ಈಜಿಪ್ಟಿನ ಕಾಪ್ಟ್ ಕ್ರೈಸ್ತರ ದಿನನಿತ್ಯದ ಬದುಕು ಹೇಗಿದೆ?

ತುಂಗಾತೀರ, ತೀರ್ಥಹಳ್ಳಿ

ಎಲ್ಲರಿಗೂ ನಮಸ್ಕಾರ. ಪ್ರೌಢಶಾಲೆಯಲ್ಲಿ ಸಮಾಜ ವಿಜ್ಞಾನ ಕಲಿಸಿ ನಿವೃತ್ತನಾದವನು ನಾನು. ನಮ್ಮೂರಿನ ಓದುಗರ ಬಳಗದಲ್ಲಿ ಮುಂದಿನ ಭಾನುವಾರ ಈಜಿಪ್ಟಿನ ಕಾಪ್ಟ್ ಕ್ರೈಸ್ತರ ವಿಷಯವಾಗಿ ಮಾತನಾಡಲು ಒಪ್ಪಿಕೊಂಡಿದ್ದೇನೆ. ಓದಲು ಕುಳಿತರೆ ಎರಡೇ ಬಗೆಯ ಚಿತ್ರಗಳು ಎದುರಾಗುತ್ತವೆ. ಒಂದು ಕಡೆ 2011ರ ಹೊಸವರ್ಷದ ರಾತ್ರಿ ಅಲೆಕ್ಸಾಂಡ್ರಿಯದ ಚರ್ಚಿನೆದುರು ನಡೆದ ಸ್ಫೋಟ, 2015ರಲ್ಲಿ ಲಿಬಿಯದ ಕಡಲ ದಂಡೆಯಲ್ಲಿ ಹತ್ಯೆಯಾದ ಕೂಲಿಕಾರರು, 2017ರಲ್ಲಿ ಈಸ್ಟರಿಗೆ ಒಂದು ವಾರ ಮುಂಚಿನ ಗರಿಗಳ ಭಾನುವಾರದಂದು ಚರ್ಚುಗಳ ಮೇಲೆ ನಡೆದ ದಾಳಿಗಳು. ಇನ್ನೊಂದು ಕಡೆ ಕ್ರಿಸ್ಮಸ್ ಪೂಜೆಗೆ ಬಂದು ಶುಭ ಕೋರುವ ದೇಶದ ಅಧ್ಯಕ್ಷರು ಮತ್ತು 2019ರಲ್ಲಿ ಹೊಸ ಆಡಳಿತ ರಾಜಧಾನಿಯಲ್ಲಿ ತೆರೆದ ಭಾರಿ ಕೆಥೆಡ್ರಲ್. ಇವೆರಡರ ನಡುವೆ ಒಂದು ಸಾಮಾನ್ಯ ಕಾಪ್ಟ್ ಕುಟುಂಬವು ಹೇಗೆ ಬಾಳುತ್ತಿದೆ ಎಂಬುದನ್ನು ಬಲ್ಲವರು ತಿಳಿಸಿಕೊಡಬೇಕಾಗಿ ಕೋರುತ್ತೇನೆ.

ಭದ್ರಾವತಿಯವನು

ಮೇಷ್ಟ್ರೇ, ನಾನು ಕೆಲಸದ ನಿಮಿತ್ತ ಕೆಲವು ವರ್ಷ ಕೈರೋದಲ್ಲಿದ್ದೆ. ಕಾಪ್ಟರು ಹೆಚ್ಚಾಗಿರುವ ಶುಬ್ರಾ ಬಡಾವಣೆಯಲ್ಲಿ ನನ್ನ ವಾಸವಿತ್ತು. ನನ್ನನ್ನು ಕೇಳಿದರೆ, ನೀವು ಸ್ಫೋಟದಿಂದಲೂ ಆರಂಭಿಸಬೇಡಿ, ಕೆಥೆಡ್ರಲ್ಲಿನಿಂದಲೂ ಆರಂಭಿಸಬೇಡಿ. ಚರ್ಚಿನ ಮಾಡಿನಿಂದ ಆರಂಭಿಸಿ.

ನಮ್ಮ ಮಲೆನಾಡಿನಲ್ಲಿ ಮಳೆಗಾಲ ಹತ್ತಿರವಾಯಿತೆಂದರೆ ದೇವಸ್ಥಾನವಾಗಲಿ, ಮಸೀದಿಯಾಗಲಿ, ಚರ್ಚಾಗಲಿ, ಏಣಿ ಹಾಕಿ ಹೆಂಚು ಕೈಯಾಡಿಸುತ್ತಾರೆ. ಒಡೆದ ಹೆಂಚನ್ನು ಬದಲಿಸಲು ದೇಶದ ಅಧ್ಯಕ್ಷರ ಅಪ್ಪಣೆ ಬೇಕೆಂದು ಇಲ್ಲಿ ಯಾರಾದರೂ ಹೇಳಿದರೆ ನಾವು ನಂಬಲಾರೆವು. ಈಜಿಪ್ಟಿನಲ್ಲಿ ಬಹುಕಾಲ ಸ್ಥಿತಿ ಹಾಗೆಯೇ ಇತ್ತು. ಈಜಿಪ್ಟು ಆಟೋಮನ್ ತುರ್ಕರ ಸಾಮ್ರಾಜ್ಯಕ್ಕೆ ಸೇರಿದ್ದ ಕಾಲದ 1856ರ ಫರ್ಮಾನಿನ ಪ್ರಕಾರ ಚರ್ಚು ಕಟ್ಟಲು ಸುಲ್ತಾನನ ಅನುಮತಿ ಬೇಕಿತ್ತು. ಸುಲ್ತಾನರು ಹೋದರೂ ಆ ನಿಯಮವು ಉಳಿದುಕೊಂಡು, ಅಧಿಕಾರವು ಮೊದಲು ದೊರೆಗೆ, ಬಳಿಕ ಅಧ್ಯಕ್ಷರಿಗೆ ಬಂತು. 1934ರಲ್ಲಿ ಒಳಾಡಳಿತ ಇಲಾಖೆಯು ಅದಕ್ಕೆ ಹತ್ತು ಷರತ್ತುಗಳನ್ನು ಸೇರಿಸಿತು: ಹತ್ತಿರದ ಮಸೀದಿಗೆ ಎಷ್ಟು ದೂರ, ನೆರೆಯ ಮುಸ್ಲಿಮರ ಆಕ್ಷೇಪವಿದೆಯೇ, ನೈಲ್ ನದಿಗೋ ಕಾಲುವೆಗೋ ರೈಲು ಹಳಿಗೋ ಸಮೀಪವಿದೆಯೇ ಎಂಬಂಥವು. ದುರಸ್ತಿಗೆ ಅನುಮತಿ ಕೊಡುವ ಅಧಿಕಾರವನ್ನು ಪ್ರಾಂತ್ಯಗಳ ಗವರ್ನರರಿಗೆ ವಹಿಸಿದ್ದು 1998ರಲ್ಲಿ, ಅಧ್ಯಕ್ಷ ಮುಬಾರಕ್ ಕಾಲದಲ್ಲಿ. ಅರ್ಜಿ ಹಾಕಿ ವರ್ಷಗಟ್ಟಲೆ ಕಾದು, ಕೊನೆಗೆ ಯಾವುದೋ ಮನೆಯ ಕೋಣೆಯಲ್ಲಿಯೇ ಪೂಜೆ ನಡೆಸಿದ ಊರುಗಳಿಗೆ ಲೆಕ್ಕವಿಲ್ಲ.

2016ರ 80ನೆಯ ಕಾನೂನು ಬಂದ ಮೇಲೆ ಗವರ್ನರರು ನಾಲ್ಕು ತಿಂಗಳೊಳಗೆ ಉತ್ತರಿಸಬೇಕೆಂದಾಯಿತು. ಪರವಾನಗಿಯಿಲ್ಲದೆ ನಡೆಯುತ್ತಿದ್ದ ಎರಡು ಸಾವಿರಕ್ಕೂ ಹೆಚ್ಚು ಚರ್ಚುಗಳು ಮತ್ತು ಅವುಗಳಿಗೆ ಸೇರಿದ ಕಟ್ಟಡಗಳು ಅಂದಿನಿಂದ ಹಂತಹಂತವಾಗಿ ಸಕ್ರಮಗೊಂಡಿವೆ. ಇದು ಸಣ್ಣ ಬದಲಾವಣೆಯಲ್ಲ. ಆದರೆ ಮಸೀದಿಗಳಿಗೆ ಬೇರೆ ನಿಯಮ, ಚರ್ಚುಗಳಿಗೆ ಬೇರೆ ಕಾನೂನು ಎಂಬ ಭೇದವು ಹಾಗೆಯೇ ಉಳಿದಿದೆ. ದಕ್ಷಿಣದ ಮಿನ್ಯಾ ಪ್ರಾಂತ್ಯದ ಹಳ್ಳಿಗಳಲ್ಲಿ ಯಾವುದೋ ಮನೆ ಚರ್ಚಾಗುತ್ತಿದೆಯೆಂಬ ಗಾಳಿಸುದ್ದಿಯಷ್ಟರಿಂದಲೇ ಗುಂಪು ಸೇರಿ ಬೆಂಕಿ ಹಚ್ಚಿದ ಪ್ರಸಂಗಗಳಿವೆ. ಆ ಬಳಿಕ ಪ್ರಕರಣವು ನ್ಯಾಯಾಲಯಕ್ಕೆ ಹೋಗುವ ಬದಲು ಊರ ಹಿರಿಯರ ರಾಜಿ ಪಂಚಾಯಿತಿಯಲ್ಲಿ ಮುಗಿಯುವುದು, ಏಟು ತಿಂದವರೇ ದೂರನ್ನು ಹಿಂಪಡೆಯಬೇಕಾಗುವುದು, ಕೆಲವೊಮ್ಮೆ ಊರನ್ನೇ ಬಿಡಬೇಕಾಗುವುದು ನನಗೆ ಬಾಂಬಿಗಿಂತಲೂ ಹೆಚ್ಚು ನೋವು ತರುವ ಸಂಗತಿ. ಬಾಂಬು ಹಾಕಿದವನನ್ನು ಸರ್ಕಾರವು ಹುಡುಕುತ್ತದೆ. ಇಲ್ಲಿ ಬೆಂಕಿಯಿಟ್ಟವನು ಪಕ್ಕದ ಮನೆಯಲ್ಲಿಯೇ ಇರುತ್ತಾನೆ.

ಇದೊಂದನ್ನೇ ಹೇಳಿದರೆ ಅನ್ಯಾಯವಾದೀತು. ಅಲೆಕ್ಸಾಂಡ್ರಿಯದ ಸ್ಫೋಟವಾದ ಒಂದೇ ವಾರದಲ್ಲಿ ಕಾಪ್ಟರ ಕ್ರಿಸ್ಮಸ್ (ಅವರಿಗದು ಜನವರಿ 7ರಂದು) ಬಂದಾಗ, ಅನೇಕ ಮುಸ್ಲಿಮರು ಚರ್ಚುಗಳಿಗೆ ತೆರಳಿ ಪೂಜೆ ಮುಗಿಯುವವರೆಗೂ ಕಾವಲು ನಿಂತಿದ್ದರು. ಅದನ್ನೂ ದಯವಿಟ್ಟು ಹೇಳಿ.

ಎನ್.ಆರ್.ಪುರದ ಓದುಗಳು

ನಮ್ಮ ಅಜ್ಜನವರು ಕೇರಳದಿಂದ ಬಂದು ಇಲ್ಲಿ ನೆಲೆಸಿದರು. ನಾವು ಸಿರಿಯನ್ ಆರ್ಥೊಡಾಕ್ಸ್ ಸಭೆಗೆ ಸೇರಿದವರು. 451ರ ಕಾಲ್ಸಿಡಾನ್ ಮಹಾಸಭೆಯು ಕ್ರಿಸ್ತನ ಸ್ವಭಾವವನ್ನು ಕುರಿತು ಮಾಡಿದ ನಿರ್ಣಯವನ್ನು ಒಪ್ಪದೆ ಹೊರಗುಳಿದ ಸಭೆಗಳಲ್ಲಿ ನಮ್ಮದೂ ಒಂದು, ಕಾಪ್ಟರದೂ ಒಂದು. ಆದ್ದರಿಂದ ಅವರ ಸುದ್ದಿ ನಮ್ಮ ಮನೆಯಲ್ಲಿ ನೆಂಟರ ಸುದ್ದಿಯಂತೆ.

ಮೇಷ್ಟ್ರೇ, ಕಾಪ್ಟರು ಹೊರಗಿನಿಂದ ಬಂದವರೆಂದು ಬಳಗದಲ್ಲಿ ಯಾರೂ ತಿಳಿಯದಂತೆ ನೋಡಿಕೊಳ್ಳಿ. ಕಾಪ್ಟ್ ಎಂಬ ಮಾತಿಗೆ ಮೂಲವಾದ ಗ್ರೀಕ್ ಪದದ ಅರ್ಥವೇ ಈಜಿಪ್ಟಿನವನು ಎಂದು. ಏಳನೆಯ ಶತಮಾನದಲ್ಲಿ ಅರಬರು ಬರುವುದಕ್ಕೆ ಮುಂಚೆಯೇ ಆ ನಾಡು ಬಹುಮಟ್ಟಿಗೆ ಕ್ರೈಸ್ತವಾಗಿತ್ತು. ಫೇರೋಗಳ ಭಾಷೆಯ ಕೊನೆಯ ರೂಪವಾದ ಕಾಪ್ಟಿಕ್ ಇಂದಿಗೂ ಅವರ ಪೂಜೆಯಲ್ಲಿ ಕೇಳಿಬರುತ್ತದೆ, ಮನೆಯ ಮಾತು ಮಾತ್ರ ಅರಬ್ಬಿ. ನನಗೆ ತುಂಬ ಪ್ರಿಯವಾದ ವಿಷಯವೆಂದರೆ ಅವರ ಪಂಚಾಂಗ. ವರ್ಷಗಳನ್ನು ರೋಮನ್ ಚಕ್ರವರ್ತಿ ಡಯೋಕ್ಲೀಶಿಯನ್ ಪಟ್ಟಕ್ಕೆ ಬಂದ 284ರಿಂದ ಎಣಿಸುತ್ತಾರೆ, ಏಕೆಂದರೆ ಅವನ ಆಳ್ವಿಕೆಯಲ್ಲಿಯೇ ಅತಿ ಹೆಚ್ಚು ಜನ ಹುತಾತ್ಮರಾದರು. ಆದರೆ ಅದರ ತೂತ್, ಬಾಬಾ, ಹಾತೂರ್ ಮೊದಲಾದ ತಿಂಗಳುಗಳು ಫೇರೋಗಳ ಕಾಲದವು. ನಮ್ಮ ರೈತರು ಆರಿದ್ರೆ, ಪುಷ್ಯ ಎಂದು ಮಳೆ ನಕ್ಷತ್ರ ನೋಡಿ ಗದ್ದೆಗೆ ಇಳಿಯುವಂತೆ, ಅಲ್ಲಿನ ಮುಸ್ಲಿಂ ರೈತರು ಕೂಡ ಬಿತ್ತನೆಗೆ ಈ ತಿಂಗಳುಗಳನ್ನೇ ಲೆಕ್ಕ ಹಿಡಿದು ಬಂದಿದ್ದಾರೆ.

ತುಂಗಾತೀರ, ತೀರ್ಥಹಳ್ಳಿ

ಇಬ್ಬರಿಗೂ ಋಣಿಯಾಗಿದ್ದೇನೆ. ಮಾಡಿನ ವಿಷಯದಿಂದಲೇ ಆರಂಭಿಸುವೆನು. ಇನ್ನೊಂದು ಸಂದೇಹವಿದೆ: ಭಾಷಣದ ಶೀರ್ಷಿಕೆಯಲ್ಲಿ "ಅಲ್ಪಸಂಖ್ಯಾತ" ಎಂಬ ಪದವನ್ನು ಬಳಸುವುದು ಸರಿಯಾದೀತೇ?

ಶಿವಮೊಗ್ಗದ ವಕೀಲ

ಮೇಷ್ಟ್ರೇ, ಬಳಸುವ ಮೊದಲು ಯೋಚಿಸಬೇಕಾದ ಪದವದು. ಕಾಪ್ಟರು ಜನಸಂಖ್ಯೆಯ ನೂರಕ್ಕೆ ಹತ್ತರಷ್ಟಿರಬಹುದೆಂಬುದು ಸಾಮಾನ್ಯ ಅಂದಾಜು. ಹಾಗಿದ್ದರೂ ಅವರಲ್ಲಿ ಅನೇಕರು ಆ ಪದವನ್ನು ಒಪ್ಪುವುದಿಲ್ಲ. 1923ರ ಸಂವಿಧಾನ ರಚನೆಯಾಗುವಾಗ ಮೀಸಲು ಸ್ಥಾನಗಳ ಸಲಹೆ ಬಂದರೆ ಕಾಪ್ಟ್ ಮುಖಂಡರಲ್ಲಿಯೇ ಹಲವರು ವಿರೋಧಿಸಿದರು. 1919ರ ಸ್ವಾತಂತ್ರ್ಯ ಚಳವಳಿಯಲ್ಲಿ ಅರ್ಧಚಂದ್ರ ಮತ್ತು ಶಿಲುಬೆಗಳೆರಡನ್ನೂ ಒಂದೇ ಬಾವುಟದಲ್ಲಿ ಹಿಡಿದು ನಡೆದವರು ಅವರು. 1994ರಲ್ಲಿ ಅರಬ್ ಜಗತ್ತಿನ ಅಲ್ಪಸಂಖ್ಯಾತರ ಕುರಿತ ಸಮ್ಮೇಳನವೊಂದರಲ್ಲಿ ಕಾಪ್ಟರ ಹೆಸರನ್ನೂ ಸೇರಿಸಿದಾಗ ಅವರ ಧರ್ಮಗುರುಗಳಾದ ಮೂರನೆಯ ಶೆನೂದಾ ಅವರೇ ಆಕ್ಷೇಪಿಸಿದರು. ವಿರೋಧವು ಎಷ್ಟು ಬೆಳೆಯಿತೆಂದರೆ ಸಮ್ಮೇಳನವನ್ನು ಕೈರೋದಿಂದ ಸೈಪ್ರಸ್‌ಗೆ ಒಯ್ಯಬೇಕಾಯಿತು. ಆ ಪದವನ್ನು ಒಪ್ಪಿದರೆ ತಮ್ಮ ನಾಡಿನಲ್ಲಿ ತಾವೇ ಅತಿಥಿಗಳಾಗಿಬಿಡುತ್ತೇವೆ ಎಂಬ ಭಾವನೆ ಅದರ ಹಿಂದಿದೆಯೆಂದು ನಾನು ತಿಳಿದಿದ್ದೇನೆ. ಹಾಗೆಂದು ಪದವನ್ನು ಬಿಟ್ಟರೆ ಅವರ ಕಷ್ಟಗಳನ್ನು ಹೇಳಿಕೊಳ್ಳುವ ದಾರಿಯೂ ಕಿರಿದಾಗುತ್ತದೆ ಎನ್ನುವ ಕಾಪ್ಟ್ ಯುವಜನರೂ ಇದ್ದಾರೆ.

ಕಾನೂನಿನ ಒಂದು ಮಾತನ್ನು ಸೇರಿಸುತ್ತೇನೆ. 2014ರ ಸಂವಿಧಾನದ 2ನೆಯ ವಿಧಿಯಲ್ಲಿ ಶರೀಯತ್ತಿನ ತತ್ತ್ವಗಳೇ ಕಾನೂನಿನ ಮುಖ್ಯ ಮೂಲವೆಂದಿದೆ. 3ನೆಯ ವಿಧಿಯಲ್ಲಿ ಕ್ರೈಸ್ತರ ವೈಯಕ್ತಿಕ ವಿಷಯಗಳಿಗೆ ಅವರ ಧರ್ಮದ ತತ್ತ್ವಗಳೇ ಮೂಲವೆಂದಿದೆ. ಆದರೂ ಪಿತ್ರಾರ್ಜಿತ ಆಸ್ತಿಯ ಪಾಲಿನಲ್ಲಿ ನ್ಯಾಯಾಲಯಗಳು ಕ್ರೈಸ್ತ ಹೆಣ್ಣುಮಕ್ಕಳಿಗೂ ಸಹೋದರನ ಅರ್ಧದಷ್ಟನ್ನೇ ಕೊಡುತ್ತ ಬಂದಿದ್ದವು. ಒಬ್ಬ ಕಾಪ್ಟ್ ವಕೀಲೆ ತನ್ನ ತಂದೆಯ ಆಸ್ತಿಗಾಗಿ ಹೂಡಿದ ದಾವೆಯಲ್ಲಿ ಸಹೋದರರೂ ಆಕೆಯ ಪಕ್ಷದಲ್ಲಿಯೇ ನಿಂತರು. ಕೆಳಗಿನ ನ್ಯಾಯಾಲಯಗಳಲ್ಲಿ ಸೋತ ಬಳಿಕ, 2019ರಲ್ಲಿ ಕೈರೋದ ಮೇಲ್ಮನವಿ ನ್ಯಾಯಾಲಯವು ಆಕೆಗೆ ಸಮಪಾಲನ್ನು ಕೊಟ್ಟಿತು.