ಬೇಲಿ ಕೆಲಸಕ್ಕೆ ಅಡ್ಡಿ: ನ್ಯಾಯಾಲಯದ ಮೂಲಕ ಪೊಲೀಸ್ ರಕ್ಷಣೆ ಸಿಗುವುದೇ?

ಪ್ರಶ್ನೆ (ತೀರ್ಥಹಳ್ಳಿ): ಹದ್ದುಬಸ್ತು ಅಳತೆಯಾಗಿ ಕಲ್ಲು ನೆಟ್ಟಿರುವ ನಮ್ಮ ಅಡಿಕೆ ತೋಟಕ್ಕೆ ಬೇಲಿ ಹಾಕಲು ಹೋದರೆ, ಪಕ್ಕದವರು ಗುಂಡಿ ತೆಗೆಯುವ ಆಳುಗಳನ್ನು ಬೆದರಿಸಿ ಓಡಿಸುತ್ತಾರೆ. ಠಾಣೆಯಲ್ಲಿ ಇದು ಸಿವಿಲ್ ವ್ಯಾಜ್ಯ ಎನ್ನುತ್ತಾರೆ. ದಾರಿ ತಿಳಿಸುವಿರಾ?

ಉತ್ತರ: ಸಿವಿಲ್ ನ್ಯಾಯಾಲಯದಲ್ಲಿ ದಾವೆ ಹೂಡಿ, ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 39ರ ನಿಯಮ 1 ಮತ್ತು 2ರಡಿ ತಾತ್ಕಾಲಿಕ ನಿರ್ಬಂಧಕಾಜ್ಞೆ (ಪಕ್ಕದವರು ಅಡ್ಡಿಪಡಿಸದಂತೆ ತಡೆಯುವ ಆದೇಶ) ಪಡೆಯಿರಿ, ಅದನ್ನೂ ಮೀರಿದರೆ ಅದೇ ಸಂಹಿತೆಯ ಕಲಂ 151ರಡಿ ಪೊಲೀಸ್ ನೆರವು ಕೋರಬಹುದು.

ಇನ್ನೊಂದು ಉತ್ತರ: ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿನ ಬೆಂಗಳೂರು ಪೀಠಕ್ಕೆ ರಿಟ್ ಅರ್ಜಿಯನ್ನೂ (ರಕ್ಷಣೆ ಕೊಡುವಂತೆ ಪೊಲೀಸರಿಗೆ ನಿರ್ದೇಶಿಸಲು ಕೋರುವ ಅರ್ಜಿ) ಸಲ್ಲಿಸಬಹುದು. ಆದರೆ ಜಮೀನಿನ ಹಕ್ಕೇ ವಿವಾದದಲ್ಲಿದ್ದರೆ ಸಾಮಾನ್ಯವಾಗಿ ಸಿವಿಲ್ ನ್ಯಾಯಾಲಯಕ್ಕೇ ಹೋಗಲು ಹೇಳುತ್ತಾರೆ. ರಿಟ್ ಅರ್ಜಿಗೂ ಮೊದಲು ಠಾಣೆಗೆ ಲಿಖಿತ ದೂರು ಕೊಟ್ಟು ಸ್ವೀಕೃತಿ ಪಡೆಯಲೇಬೇಕು.

ಮತ್ತೊಂದು ಉತ್ತರ: ಗಡಿಯ ತಕರಾರು ಸಿವಿಲ್ ಇರಬಹುದು, ಕೂಲಿಯವರಿಗೆ ಹಾಕಿದ ಬೆದರಿಕೆ ಹಾಗಲ್ಲ, ಅದು ಭಾರತೀಯ ನ್ಯಾಯ ಸಂಹಿತೆಯ ಕಲಂ 351ರಡಿ ಅಪರಾಧವೆಂದು ದೂರಿನಲ್ಲಿ ಸ್ಪಷ್ಟವಾಗಿ ಬರೆಯಿರಿ.