ಸಹಾಯ ಬೇಕು: ಮರಿ ಕಾಯುವ ಕೊರವ ಮೀನನ್ನು ಹೆದರಿಸದೆ ವಿಡಿಯೋ ಶೂಟ್ ಮಾಡುವುದು ಹೇಗೆ?

ಎಲ್ಲರಿಗೂ ನಮಸ್ಕಾರ. ಹಾವೇರಿ ಹತ್ತಿರ, ವರದಾ ನದಿ ಕಡೆಯ ಒಂದು ಕೆರೆಯಲ್ಲಿ ಕೊರವ ಮೀನು ಮರಿ ಕಾಯುತ್ತಿದೆ. ಯಾವ ಕೆರೆ ಅಂತ ಹೇಳುವುದಿಲ್ಲ, ಇದಕ್ಕೆ ಗಾಳ ಹಾಕುವವರು ಜಾಸ್ತಿ. ಕಿತ್ತಳೆ ಬಣ್ಣದ ನೂರಾರು ಮರಿಗಳು ಜೊಂಡಿನ ನಡುವೆ ಒಂದೇ ಉಂಡೆಯ ಹಾಗೆ ಸಾಗುತ್ತವೆ. ಅವು ಉಸಿರಿಗೆ ಮೇಲೆ ಬಂದಾಗ ನೀರಿನ ಮೇಲೆ ತುಂತುರು ಮಳೆ ಬಿದ್ದಂತೆ ಕಾಣುತ್ತದೆ. ದೊಡ್ಡ ಮೀನು ಕೆಳಗೇ ಕಾವಲಿರುತ್ತದೆ. ಇದನ್ನು ನಮ್ಮೂರ ಮಕ್ಕಳಿಗೆ ತೋರಿಸಬೇಕು ಅನ್ನೋದು ನನ್ನ ಆಸೆ.

ಮೊದಲು ಬಿದಿರು ಕೋಲಿಗೆ ಗೋಪ್ರೋ (ಪುಟ್ಟ ಕ್ಯಾಮೆರಾ) ಕಟ್ಟಿ ಇಳಿಸಿದೆ. ಮೀನು ಬಂದು ಕ್ಯಾಮೆರಾಕ್ಕೇ ಗುದ್ದಿತು. ಆಮೇಲೆ ಕಲ್ಲಿಗೆ ಕಟ್ಟಿ, ಮುಂಚೆಯೇ ಇಟ್ಟು, ದೂರ ಕೂತೆ. ಲೈಟ್ ಹಾಕಲಿಲ್ಲ, ತಿಂಡಿ ಎಸೆಯಲಿಲ್ಲ, ಒಂದು ಜೊಂಡೂ ಕೀಳಲಿಲ್ಲ. ಹತ್ತು ನಿಮಿಷಕ್ಕೆ ಮೀನು ಸುಮ್ಮನಾಯಿತು.

ತೊಂದರೆ ಇರುವುದು ಕ್ಯಾಮೆರಾ ತೆಗೆಯುವಾಗ. ಕೆಸರು ಏಳುತ್ತದೆ, ದೊಡ್ಡ ಮೀನು ಸರಕ್ಕನೆ ಹೋಗಿಬಿಡುತ್ತದೆ. ಆ ಹೊತ್ತಿನಲ್ಲಿ ಬೇರೆ ಮೀನು ಮರಿಗಳನ್ನು ತಿನ್ನಬಹುದು ಅಲ್ವಾ? ಮೊನ್ನೆ ಅದು ವಾಪಸ್ ಬರಲು ಆರು ನಿಮಿಷ ಹಿಡಿಯಿತು. ನಾನು ಜೀವ ಕೈಯಲ್ಲಿ ಹಿಡಿದು ಕೂತಿದ್ದೆ. ಅವತ್ತಿನಿಂದ ಕ್ಯಾಮೆರಾ ಇಳಿಸಿಲ್ಲ.

ಸ್ವಲ್ಪ ಮರಿ ಹಿಡಿದು ಗಾಜಿನ ತೊಟ್ಟಿಯಲ್ಲಿ ಶೂಟ್ ಮಾಡು ಅಂತ ಗೆಳೆಯರು ಹೇಳಿದರು. ಮರಿಗಳನ್ನು ಕಾವಲಿನಿಂದ ಬೇರೆ ಮಾಡಲು ನನಗೆ ಮನಸ್ಸಿಲ್ಲ. ತೊಟ್ಟಿಯನ್ನು ಕೆರೆ ಅಂತ ತೋರಿಸುವುದೂ ಸುಳ್ಳೇ.

ಇಂಥ ಮೀನು ಶೂಟ್ ಮಾಡಿದವರು ಹೇಳಿ: ಮರಿಗಳು ಆ ಜಾಗ ದಾಟುವವರೆಗೆ ಕ್ಯಾಮೆರಾ ನೀರಲ್ಲೇ ಬಿಟ್ಟು ಆಮೇಲೆ ತೆಗೆದರೆ ಸಾಕಾ? ಅಥವಾ ಮರಿ ದೊಡ್ಡದಾಗಿ ಚದುರುವ ತನಕ ಇಳಿಸಲೇಬಾರದಾ? ಇಡಬಹುದು ಅಂದರೆ, ಎಷ್ಟು ದೂರದಲ್ಲಿ?